ಡಾನ್ ನದಿ ಇಷ್ಟು ಚಿಕ್ಕದು, ಕಣಿವೆ ಯಾಕೆ ಅಷ್ಟು ದೊಡ್ಡದು?

ಹೊಸಬ_ಟೊರಾಂಟೊ:
ನಮಸ್ಕಾರ ಎಲ್ಲರಿಗೂ. ಇಲ್ಲಿ ಟೊರಾಂಟೊ ಸಬ್‌ವೇಯಲ್ಲಿ ಕ್ಯಾಸಲ್ ಫ್ರ್ಯಾಂಕ್ ದಾಟಿ ಬ್ರಾಡ್‌ವ್ಯೂಗೆ ಹೋಗುವಾಗ ಎತ್ತರದ ಸೇತುವೆ ಬರುತ್ತದಲ್ಲ, ಅಲ್ಲಿಂದ ಕೆಳಗೆ ನೋಡಿದರೆ 40 ಮೀಟರ್ ಆಳದ ಕಣಿವೆ. ಅದರೊಳಗೆ ಹೆದ್ದಾರಿ, ರೈಲು ಹಳಿ, ಮರಗಳು, ಇದೆಲ್ಲದರ ನಡುವೆ ನಮ್ಮ ಮಂಡ್ಯದ ನಾಲೆಯಷ್ಟು ಕಂದು ನೀರು. ಅದೇ ಡಾನ್ ನದಿಯಂತೆ! ಅಷ್ಟು ನೀರು ಇಷ್ಟು ದೊಡ್ಡ ಕಣಿವೆ ಕೊರೆಯೋಕೆ ಆಗುತ್ತಾ? ಮತ್ತೆ ಇಷ್ಟು ಪುಟ್ಟ ನದಿಗೆ ಪ್ರವಾಹ ಬಂದು ಹೆದ್ದಾರಿ ಮುಚ್ಚಿದರು ಅಂತ ಸುದ್ದಿ ಬರುತ್ತದಲ್ಲ, ಅದು ಹೇಗೆ?

ಮಣ್ಣುಪದರ:
ನದಿ ಚಿಕ್ಕದೇ, ಸುಮಾರು 38 ಕಿ.ಮೀ. ಉತ್ತರದ ಓಕ್ ರಿಡ್ಜಸ್ ದಿಬ್ಬದಲ್ಲಿ ಹುಟ್ಟಿ, ಪೂರ್ವ ಡಾನ್, ಪಶ್ಚಿಮ ಡಾನ್ ಅಂತ ಎರಡಾಗಿ ಹರಿದು, ಒಂಟಾರಿಯೊ ಸರೋವರಕ್ಕೆ 7 ಕಿ.ಮೀ. ಇರುವಾಗ ಒಂದಾಗುತ್ತದೆ.

ಕಣಿವೆಯ ಗುಟ್ಟು ಇರೋದು ಸರೋವರದ ಮಟ್ಟದಲ್ಲಿ. ಹಿಮಯುಗದ ಕೊನೆಗೆ ಸೇಂಟ್ ಲಾರೆನ್ಸ್ ನದಿಯ ಕಡೆ ಮಂಜುಗಡ್ಡೆ ಅಡ್ಡ ನಿಂತು ನೀರಿಗೆ ಆ ದಾರಿ ಇರಲಿಲ್ಲ. ಹಾಗಾಗಿ ಈಗಿನ ಒಂಟಾರಿಯೊಗಿಂತ ಎಷ್ಟೋ ಎತ್ತರದಲ್ಲಿ ಇರೊಕ್ವಾ ಅನ್ನೋ ಸರೋವರ ನಿಂತಿತ್ತು. ಕಾಸಾ ಲೋಮಾ ಅನ್ನೋ ಕೋಟೆಯಂಥ ಬಂಗಲೆಗೆ ಏದುಸಿರು ಬಿಟ್ಟು ಹತ್ತುತ್ತೇವಲ್ಲ, ಆ ಏರು ಅದರ ಹಳೇ ದಡ. ನಿಮ್ಮ ಸೇತುವೆ ಇರುವ ಜಾಗ ಆಗ ನೀರಿನಡಿ. ಮಂಜು ಕರಗಿ ದಾರಿ ಬಿಟ್ಟಿತು, ನೀರು ಈಗಿನ ಮಟ್ಟಕ್ಕಿಂತಲೂ ಕೆಳಗೆ ಇಳಿಯಿತು. ಸರೋವರ ಕೆಳಗೆ ಹೋದಷ್ಟೂ ನದಿ ಮೆತ್ತಗಿನ ಮರಳು, ಜೇಡಿಯನ್ನು ಕೊರೆಯುತ್ತಾ ಬೆನ್ನಟ್ಟಿತು. ಇಲ್ಲಿ ಗಟ್ಟಿ ಬಂಡೆ ಕಡಿಯುವ ಕೆಲಸ ಇರಲಿಲ್ಲ, ಅದಕ್ಕೇ ಸಲೀಸು.

ಹೊಸಬ_ಟೊರಾಂಟೊ:
ಮಣ್ಣುಪದರ ಸರ್, ತುಂಬಾ ಥ್ಯಾಂಕ್ಸ್. ಸರೋವರ ಅಷ್ಟು ಕೆಳಗೆ ಹೋದದ್ದು ಮತ್ತೆ ಮೇಲೆ ಹೇಗೆ ಬಂತು?

ಮಣ್ಣುಪದರ:
ಮಂಜಿನ ಭಾರ ಇಳಿದ ಮೇಲೆ ನೆಲ ನಿಧಾನವಾಗಿ ಮೇಲೆದ್ದಿತು, ಅದರಲ್ಲೂ ನೀರು ಹೊರಹೋಗುವ ಪೂರ್ವದ ತುದಿ ಜಾಸ್ತಿ ಎದ್ದಿತು. ಹಾಗಾಗಿ ಸರೋವರ ಮತ್ತೆ ತುಂಬಿ ನದಿಯ ಬಾಯಿಗೇ ನುಗ್ಗಿತು. ಕೊನೆಯ ಭಾಗದಲ್ಲಿ ಇಳಿಜಾರು ಇಲ್ಲದಂತಾಗಿ ಹೂಳು ತುಂಬಿ ದೊಡ್ಡ ಜೌಗು ಆಯಿತು.

ಸೈಕಲ್_ಸವಾರ:
ಪ್ರವಾಹದ ವಿಷಯ ನಾನು ಹೇಳ್ತೀನಿ. ಆ ಜೌಗನ್ನೇ ಜನ ಮುಚ್ಚಿ ಬಂದರು ಮಾಡಿದರು. ಅದಕ್ಕೂ ಮೊದಲು, 1880ರ ದಶಕದಲ್ಲಿ, ಅಂಕುಡೊಂಕಾಗಿದ್ದ ನದಿಯನ್ನು ಎಳೆದು ನೆಟ್ಟಗೆ ಮಾಡಿದ್ದರು. ಕೊನೆಗೆ ಕೀಟಿಂಗ್ ಕಾಲುವೆಗೆ ಅದನ್ನು ಸರಕ್ಕನೆ ಬಲಕ್ಕೆ ತಿರುಗಿಸಿದರು, ಅಷ್ಟು ಕಡಿದಾದ ತಿರುವಿನಲ್ಲಿ ಮಳೆಗಾಲದ ನೀರು ಹೋಗೋದಾದರೂ ಎಲ್ಲಿಗೆ ಹೇಳಿ? ಮೇಲೆ ನೋಡಿದರೆ ಪೂರ್ತಿ ಊರು, ಟಾರು, ಕಾಂಕ್ರೀಟು. ಮಳೆ ನೆಲಕ್ಕೆ ಇಂಗೋದೇ ಇಲ್ಲ, ಒಂದೆರಡು ಗಂಟೆಯಲ್ಲಿ ಎಲ್ಲಾ ನದಿಗೇ ಬರುತ್ತದೆ. 2013ರ ಜುಲೈನಲ್ಲಿ ‘ಗೋ’ ಅನ್ನೋ ಲೋಕಲ್ ರೈಲೊಂದು ಪ್ರಯಾಣಿಕರ ಸಮೇತ ಕಣಿವೆಯ ನೀರಿನಲ್ಲಿ ನಿಂತುಬಿಟ್ಟಿತ್ತು. 2024ರ ಜುಲೈ 16ರಂದು ಕಣಿವೆಯ ಹೆದ್ದಾರಿ ಡಾನ್ ವ್ಯಾಲಿ ಪಾರ್ಕ್‌ವೇಯಲ್ಲಿ ಕಾರುಗಳು ಮುಳುಗಿದವು. ನನ್ನ ಪ್ರಕಾರ ಪ್ರವಾಹ ಬಯಲಿನಲ್ಲಿ ಹೆದ್ದಾರಿ ಹಾಕಿ ನದಿಯನ್ನು ಬೈಯೋದು ಸುಮ್ನೆ.

ಈಗ ಬಲತಿರುವಿನ ಜೊತೆಗೆ ದಕ್ಷಿಣಕ್ಕೆ ಹೊಸ ಬಾಯಿ ತೋಡಿದ್ದಾರೆ, ಈ ಸಲ ವಂಕಿವಂಕಿಯಾಗಿಯೇ. ದಡದ ಬಿಡಾಸಿಗೆ ಪಾರ್ಕ್ 2025ರಲ್ಲಿ ತೆರೆಯಿತು.

ಕಾಡುಹಾದಿ:
ಬ್ರಿಕ್ ವರ್ಕ್ಸ್ ಬಿಟ್ಟುಬಿಟ್ಟಿರಲ್ಲ! ಕಣಿವೆಯ ಜೇಡಿ ಅಗೆದು ಇಟ್ಟಿಗೆ ಸುಡುತ್ತಿದ್ದ ಹಳೇ ಕಾರ್ಖಾನೆ, ಈಗ ಪಾರ್ಕು. ಹಿಂದಿನ ಮಣ್ಣಿನ ಗೋಡೆಯಲ್ಲಿ ಎರಡು ಹಿಮಯುಗಗಳ ನಡುವಿನ ಬೆಚ್ಚನೆಯ ಕಾಲದ ಪದರ ಇದೆ, ಲಕ್ಷ ವರ್ಷಕ್ಕೂ ಹಳೆಯದು. ಈಗಿನ ಟೊರಾಂಟೊಗಿಂತ ಬೆಚ್ಚಗಿನ ಜಾಗದ ಮರಗಳ ಗುರುತು, ದೈತ್ಯ ಬೀವರ್‌ನ ಪಳೆಯುಳಿಕೆ ಎಲ್ಲಾ ಅಲ್ಲಿ ಸಿಕ್ಕಿವೆ. ಹೊಸಬರೇ, ಬ್ರಾಡ್‌ವ್ಯೂನಲ್ಲಿ ಇಳಿದು ಕಣಿವೆಗೆ ನಡೆದು ಹೋಗಬಹುದು. ಜೋರು ಮಳೆಯ ಮಾರನೇ ದಿನ ಮಾತ್ರ ಬೇಡ, ದಾರಿ ತುಂಬಾ ಕೆಸರು.