ವೆಸ್ಟರ್ನ್ ಕಿರುಚಿತ್ರ: ಗಾಳಿ ಸದ್ದಿನಲ್ಲಿ ಮಾತೇ ಕೇಳುತ್ತಿಲ್ಲ, ಏನು ಮಾಡಲಿ?

ಧೂಳುದಾರಿ:
ನಮಸ್ಕಾರ. ಅರಿಜೋನಾದಲ್ಲಿ ನಾಲ್ಕು ಜನ ಗೆಳೆಯರು ಸೇರಿ, ರಜೆ ದಿನಗಳಲ್ಲಿ, 12 ನಿಮಿಷದ ವೆಸ್ಟರ್ನ್ (ಕೌಬಾಯ್ ಸಿನಿಮಾ) ಮಾಡುತ್ತಿದ್ದೇವೆ. ಇದ್ದ ದುಡ್ಡಲ್ಲಿ ಹೆಚ್ಚಿನದು ಕುದುರೆ ಬಾಡಿಗೆಗೇ ಹೋಯಿತು. ಮೊನ್ನೆ ಮಧ್ಯಾಹ್ನ ಬಯಲಲ್ಲಿ ತೆಗೆದ ಮುಖ್ಯ ದೃಶ್ಯದಲ್ಲಿ ಗಾಳಿ ಭರ್ರನೆ ಬೀಸುವುದು ಬಿಟ್ಟರೆ ಏನೂ ಕೇಳುತ್ತಿಲ್ಲ. ಕಾಲರ್ ಮೈಕಿಗೆ ಸ್ಪಂಜು ಹಾಕಿದ್ದೆವು. ಸಾಫ್ಟ್‌ವೇರ್‌ನಲ್ಲಿ ಗಾಳಿ ತೆಗೆದರೆ ಮಾತು ತಗಡಿನ ಡಬ್ಬಿಯೊಳಗಿಂದ ಬಂದ ಹಾಗಿದೆ. ಕುದುರೆ ಮತ್ತೆ ತರಿಸುವ ಶಕ್ತಿ ಇಲ್ಲ.

ಹಳೇರೀಲು:
ಚಿತ್ರ ಚೆನ್ನಾಗಿ ಬಂದಿದೆ ತಾನೇ? ಹಾಗಾದರೆ ದೃಶ್ಯ ಉಳಿಯುತ್ತದೆ. ಸದ್ದು ಒಡೆದುಹೋಗಿದ್ದರೆ ಅದನ್ನು ಸರಿಮಾಡಲು ಸುಮ್ನೆ ನಿದ್ದೆ ಕೆಡಿಸಿಕೊಳ್ಳಬೇಡಿ, ಡಬ್ಬಿಂಗ್ ಮಾಡಿ. 1960ರ ದಶಕದಲ್ಲಿ ಇಟಲಿಯವರು ಸ್ಪೇನಿನ ಅಲ್ಮೇರಿಯಾದ ಬರಡು ನೆಲದಲ್ಲಿ ಕಡಿಮೆ ದುಡ್ಡಿನ ವೆಸ್ಟರ್ನ್ ತೆಗೆಯುವಾಗ ಒಬ್ಬ ನಟ ಇಂಗ್ಲಿಷ್, ಎದುರಿಗಿದ್ದವನು ಇಟಾಲಿಯನ್, ಮತ್ತೊಬ್ಬ ಸ್ಪ್ಯಾನಿಷ್ ಮಾತಾಡುತ್ತಿದ್ದ, ಸದ್ದೆಲ್ಲ ಆಮೇಲೆ ಸ್ಟುಡಿಯೋದಲ್ಲಿ ಸೇರುತ್ತಿತ್ತು. ಫಿಲ್ಮಿನಲ್ಲೂ ಉಳಿತಾಯ: ಟೆಕ್ನಿಸ್ಕೋಪ್ ಎಂಬ ಚಿತ್ರೀಕರಣ ವಿಧಾನದಲ್ಲಿ ಒಂದು ಫ್ರೇಮಿಗೆ ಫಿಲ್ಮಿನ ಅಂಚಿನ ನಾಲ್ಕು ರಂಧ್ರದಷ್ಟು ಉದ್ದದ ಬದಲು ಎರಡು ರಂಧ್ರದಷ್ಟೇ ಸಾಕು, ಅರ್ಧ ರೀಲಿಗೇ ಅಗಲದ ಚಿತ್ರ.

ನೀವು ಕೆಟ್ಟ ಸದ್ದನ್ನು ಅಳಿಸಬೇಡಿ. ನಟರು ಅದನ್ನೇ ಹೆಡ್‌ಫೋನಿನಲ್ಲಿ ಕೇಳುತ್ತಾ ಅದೇ ಓಟದಲ್ಲಿ ಮತ್ತೆ ಮಾತಾಡಲಿ. ಬಟ್ಟೆ ತುಂಬಿದ ಬೀರುವಿನ ಬಾಗಿಲು ತೆಗೆದು ಅವರನ್ನು ಅದರ ಎದುರು ನಿಲ್ಲಿಸಿ, ಬೆನ್ನ ಹಿಂದೆ ರಜಾಯಿ ಕಟ್ಟಿ, ಏಕೆಂದರೆ ಕೋಣೆಯ ಪ್ರತಿಧ್ವನಿ ಒಂಚೂರು ಕೇಳಿದರೂ ಬಯಲು ಅಂತ ಯಾರೂ ನಂಬುವುದಿಲ್ಲ. ತುಟಿ ಕೂಡದ ಕಡೆ ಕೇಳುವವನ ಮುಖಕ್ಕೋ, ಲಗಾಮು ಹಿಡಿದ ಕೈಗೋ ಕಟ್ ಮಾಡಿ. ಗೊರಸಿನ ಸದ್ದಿಗೆ ತೆಂಗಿನ ಕರಟ ಎರಡು ಸಾಕು, ಮಣ್ಣು ತುಂಬಿದ ತಟ್ಟೆಯ ಮೇಲೆ ಬಡಿಯಿರಿ.

ಮುಂದಿನ ಸಲ ಬೆಳಿಗ್ಗೆ ಬೇಗ ಹೋಗಿ. ನೆಲ ಕಾದ ಮೇಲೆ ಗಾಳಿ ಜಾಸ್ತಿ ಆಗುತ್ತದೆ, ಸ್ಪಂಜು ತಡೆಯುವುದಿಲ್ಲ, ತುಪ್ಪಳದ ಕವರೇ ಬೇಕು.

ಕಲ್ಲುಬಂಡೆ:
ಬಂದೂಕಿಗೆ ಏನು ಮಾಡಿದ್ದೀರಿ? 2021ರಲ್ಲಿ ನ್ಯೂ ಮೆಕ್ಸಿಕೋದಲ್ಲಿ ಕಡಿಮೆ ಬಜೆಟ್ಟಿನ ವೆಸ್ಟರ್ನ್ ಸೆಟ್ಟಿನಲ್ಲೇ ನಿಜವಾದ ಗುಂಡು ಹಾರಿ ಛಾಯಾಗ್ರಾಹಕಿ ತೀರಿಕೊಂಡರು. ದಯವಿಟ್ಟು ರಬ್ಬರಿನದೇ ಬಳಸಿ. ಹೊಗೆ, ಸದ್ದು ಎಡಿಟಿಂಗ್‌ನಲ್ಲಿ ಹಾಕಬಹುದು.

ಧೂಳುದಾರಿ:
ರಬ್ಬರಿನದೇ, ಕಲ್ಲುಬಂಡೆ ಅವರೇ. ಹಳೇರೀಲು ಸರ್, ರಾತ್ರಿ ಬೀರು ಮುಂದೆ ಅರ್ಧ ದೃಶ್ಯ ಡಬ್ ಮಾಡಿದೆವು, ಕೂತಿದೆ! ಕಿರುಚುವ ಒಂದು ಮಾತು ಮಾತ್ರ ಕೋಣೆಯೊಳಗಿನದು ಅನ್ನಿಸುತ್ತದೆ. ಅದನ್ನು ಊರಾಚೆ ಕಾರು ನಿಲ್ಲಿಸಿ ಹೊರಗೇ ರೆಕಾರ್ಡ್ ಮಾಡಲಾ?

ಹಳೇರೀಲು:
ಹೌದು, ಗಾಳಿ ಇಲ್ಲದ ಹೊತ್ತಿನಲ್ಲಿ. ನಟರನ್ನು ಮೈಕಿನಿಂದ ನಾಲ್ಕು ಹೆಜ್ಜೆ ದೂರ ನಿಲ್ಲಿಸಿ.