ಸರ್ವೆ ರಿಪೋರ್ಟಿನಲ್ಲಿ ಮೂರು ಕಡೆ 'ಅಫೌಲ್' ಅಂತಿದೆ, ಕನ್ನಡದಲ್ಲಿ ಏನು ಬರೆಯಲಿ?

ಕಾರವಾರದಿಂದ, ಪ್ರಶ್ನೆ ಕೇಳಿದವರು

ನಮ್ಮ ಚಿಕ್ಕಪ್ಪನದು ಟ್ರಾಲ್ ಬೋಟ್, ಅಂದರೆ ಬಲೆ ಎಳೆದುಕೊಂಡು ಹೋಗಿ ಮೀನು ಹಿಡಿಯುವ ಬೋಟ್. ಈಚೆಗೆ ಅದಕ್ಕೊಂದು ಅವಘಡ ಆಯಿತು. ಜನರಿಗೆ ಏನೂ ಆಗಲಿಲ್ಲ, ಬೋಟಿಗೆ ಮಾತ್ರ ಪೆಟ್ಟಾಗಿದೆ. ವಿಮೆ ಕಡೆಯಿಂದ ಸರ್ವೇಯರ್ ಬಂದು ನೋಡಿಕೊಂಡು ಹೋಗಿ ಇಂಗ್ಲಿಷಿನಲ್ಲಿ ರಿಪೋರ್ಟ್ ಬರೆದಿದ್ದಾರೆ. ಅದರ ಜೊತೆ ಕಂಪನಿಯ ಒಂದು ಪತ್ರವೂ ಬಂದಿದೆ. ಚಿಕ್ಕಪ್ಪ ಹೇಳುವುದು ಒಂದೇ: "ಪ್ರತಿ ಸಾಲೂ ಕನ್ನಡದಲ್ಲಿ ಬರೆದುಕೊಡು, ನಾನು ಓದಿಯೇ ಉತ್ತರ ಕೊಡೋದು."

ಎಲ್ಲಾ ಬರೆದೆ. ಒಂದು ಶಬ್ದದ ಹತ್ತಿರ ನಿಂತಿದ್ದೇನೆ. 'ಅಫೌಲ್' ಅಂತ ಮೂರು ಕಡೆ ಬಂದಿದೆ.

ಮೊದಲನೆಯದು: ಬೋಟಿನ ಪ್ರೊಪೆಲ್ಲರ್ ತೇಲುತ್ತಿದ್ದ ಬಲೆಯೊಂದರಲ್ಲಿ 'ರ‍್ಯಾನ್ ಅಫೌಲ್'. ಎರಡನೆಯದು: ಬೋಟ್ ಹಾಗೇ ತೇಲಿಕೊಂಡು ಹೋಗಿ, ಲಂಗರು ಹಾಕಿ ನಿಂತಿದ್ದ ಇನ್ನೊಂದು ಬೋಟಿನ ಮೇಲೆ 'ಫೆಲ್ ಅಫೌಲ್'. ಮೂರನೆಯದು ಪತ್ರದಲ್ಲಿದೆ: ಬೋಟಿನಲ್ಲಿದ್ದ ಜನರ ಸಂಖ್ಯೆಯಿಂದಾಗಿ ಈ ಕ್ಲೇಮು ಪಾಲಿಸಿಯ ಒಂದು ಷರತ್ತಿನ ವಿಷಯದಲ್ಲಿ 'ಮೇ ರನ್ ಅಫೌಲ್'.

ಮೊಬೈಲ್ ಅನುವಾದದಲ್ಲಿ ಒಂದು ಕಡೆ 'ಕೊಳಕು' ಅಂತ ಬಂತು, ಇನ್ನೊಂದು ಕಡೆ 'ಡಿಕ್ಕಿ'. ಮೂರಕ್ಕೂ ಡಿಕ್ಕಿ ಅಂತ ಬರೆದರೆ ನಡೆಯುತ್ತದಾ? ಇಂಥ ಕಾಗದ ನೋಡಿದವರು, ಬೋಟ್ ಗೊತ್ತಿರುವವರು ದಯವಿಟ್ಟು ಹೇಳಿ.

ಬೈತಖೋಲದಿಂದ, ತಾಂಡೇಲ

ತಂಗೀ, ನಾನು ಬೋಟ್ ನಡೆಸುವ ತಾಂಡೇಲ. ಮೊದಲ ಸಾಲಿಗೆ ಡಿಕ್ಕಿ ಅಂತ ಬರೆಯಬೇಡ. ಬಲೆಗೆ ಯಾರೂ ಡಿಕ್ಕಿ ಹೊಡೆಯುವುದಿಲ್ಲ. ಬಂದರಿನಲ್ಲಿ ಪ್ರೊಪೆಲ್ಲರಿಗೆ ನಾವು ಫ್ಯಾನ್ ಅನ್ನೋದು. 'ಫ್ಯಾನಿಗೆ ಬಲೆ ಸುತ್ತಿತು' ಅಂತೀವಿ, ಇಲ್ಲಾಂದ್ರೆ 'ಬಲೆ ಸಿಕ್ಕಿಕೊಂಡಿತು' ಅಂತೀವಿ. ಅಷ್ಟೇ ಬರೆ. ನಿನ್ನ ಚಿಕ್ಕಪ್ಪನಿಗೆ ಪೂರ್ತಿ ಅರ್ಥ ಆಗುತ್ತದೆ.

ಎರಡನೇ ಸಾಲು ತಿಳಿಯಬೇಕಾದರೆ ಇದು ಹೇಗಾಗುತ್ತದೆ ಅಂತ ಗೊತ್ತಿರಬೇಕು. ಹರಿದು ಹೋದ ಬಲೆ ನೀರಿನ ಮೇಲೆ ಕಾಣುವುದಿಲ್ಲ. ಒಂದೆರಡು ಬೆಂಡು ತೇಲುತ್ತಿದ್ದರೂ ಅಲೆಯಲ್ಲಿ ಮರೆಯಾಗುತ್ತದೆ. ಹಗ್ಗದ ಒಂದು ತುದಿ ಫ್ಯಾನಿನ ಎಲೆಗೆ ತಾಗಿದರೆ ಸಾಕು, ಉಳಿದದ್ದನ್ನು ಫ್ಯಾನೇ ಎಳೆದುಕೊಳ್ಳುತ್ತದೆ. ಮೊದಲು ಇಂಜಿನ್ ಸದ್ದು ಬದಲಾಗುತ್ತದೆ. ಭಾರ ಎಳೆಯುವಾಗಿನ ಹಾಗೆ ಸದ್ದು ಕುಗ್ಗುತ್ತದೆ, ಹೊಗೆ ಕಪ್ಪಾಗುತ್ತದೆ, ಕಾಲ ಕೆಳಗಿನ ಹಲಗೆ ನಡುಗುತ್ತದೆ. ತಕ್ಷಣ ಗೇರ್ ತೆಗೆಯಬೇಕು. ತೆಗೆಯದಿದ್ದರೆ ನೈಲಾನ್ ಶಾಫ್ಟಿಗೆ ಬಿಗಿಯಾಗಿ ಸುತ್ತಿ, ತಿಕ್ಕಾಟದ ಬಿಸಿಗೆ ಕರಗಿ, ಆಮೇಲೆ ಕಲ್ಲಿನ ಹಾಗೆ ಗಟ್ಟಿಯಾಗುತ್ತದೆ. ಅದು ಕೈಯಿಂದ ಬಿಚ್ಚುವಂಥದ್ದಲ್ಲ. ಒಬ್ಬ ಖಲಾಸಿ ಸೊಂಟಕ್ಕೆ ಹಗ್ಗ ಕಟ್ಟಿಕೊಂಡು, ಚೂರಿ ಹಿಡಿದು ನೀರಿಗಿಳಿಯಬೇಕು. ಅಲೆಗೆ ಬೋಟಿನ ಹಿಂಭಾಗ ಏರಿ ಇಳಿಯುತ್ತಿರುತ್ತದೆ, ಕೆಳಗೆ ತಲೆ ಇರುತ್ತದೆ. ಒಂದೊಂದೇ ಸುತ್ತು ಕೊಯ್ದು ತೆಗೆಯಬೇಕು. ಸಮುದ್ರ ಸರಿ ಇಲ್ಲದಿದ್ದರೆ ನಾನು ಯಾರನ್ನೂ ಇಳಿಸುವುದಿಲ್ಲ, ವೈರ್‌ಲೆಸ್‌ನಲ್ಲಿ ಬೇರೆ ಬೋಟ್ ಕರೆದು ಎಳೆಸಿಕೊಂಡು ಬರುತ್ತೇನೆ.

ಇಂಜಿನ್ ನಿಂತಿತು ಅಂದರೆ ಬೋಟ್ ನಮ್ಮ ಕೈಯಲ್ಲಿಲ್ಲ. ಚುಕ್ಕಾಣಿ ತಿರುಗಿಸಿದರೂ ಕೇಳುವುದಿಲ್ಲ. ಅಲೆಗೆ ಅಡ್ಡ ಆಗುತ್ತದೆ, ಗಾಳಿ ಕರೆದುಕೊಂಡು ಹೋದಲ್ಲಿಗೆ ಹೋಗುತ್ತದೆ. ಹತ್ತಿರ ಇನ್ನೊಂದು ಬೋಟ್ ಇದ್ದರೆ ಅದರ ಮೇಲೆ ಹೋಗಿ ಬೀಳುತ್ತದೆ. ಇದೇ ನಿನ್ನ ಎರಡನೇ ಸಾಲು. ಆ ಬೋಟಿಗೆ ಬರೀ ತಾಗಿತಾ, ಅದರ ಲಂಗರಿನ ಹಗ್ಗಕ್ಕೂ ಸಿಕ್ಕಿತಾ ಅಂತ ಚಿಕ್ಕಪ್ಪನನ್ನು ಕೇಳು.

ಶಿರಸಿಯಿಂದ, ನಿವೃತ್ತ ಇಂಗ್ಲಿಷ್ ಮೇಷ್ಟ್ರು

ತಾಂಡೇಲರು ಹೇಳಿದ್ದೇ ಸರಿ. ಶಬ್ದದ ಹುಟ್ಟು ನೋಡಿದರೂ ಅದೇ ಸಿಗುತ್ತದೆ.

ಇದು ಕ್ರಿಯಾವಿಶೇಷಣ. ಹುಟ್ಟಿದ್ದು ಹಡಗಿನವರ ಬಾಯಲ್ಲಿ. ಬರಹದಲ್ಲಿ 1809ರಿಂದ ಸಿಗುತ್ತದೆ. ಉಚ್ಚಾರದಲ್ಲಿ ಒತ್ತು 'ಫೌ' ಮೇಲೆ. ಅಶೋರ್, ಅಬೋರ್ಡ್, ಅಗ್ರೌಂಡ್, ಅಡ್ರಿಫ್ಟ್ ಇವೆಯಲ್ಲ, ಅದೇ ಮನೆಯ ಶಬ್ದ. ಮುಂದಿನ 'ಅ' ಒಂದು ಸ್ಥಿತಿಯನ್ನು ಹೇಳುತ್ತದೆ: ದಡದಲ್ಲಿ, ಹಡಗಿನ ಮೇಲೆ, ನೆಲಕ್ಕೆ ತಾಗಿ, ಹಿಡಿತವಿಲ್ಲದೆ ತೇಲುತ್ತಾ. ಹಾಗೇ ಅಫೌಲ್ ಅಂದರೆ 'ಫೌಲ್' ಆದ ಸ್ಥಿತಿಯಲ್ಲಿ.

'ಫೌಲ್' ಹಳೇ ಇಂಗ್ಲಿಷ್ ಶಬ್ದ. ಮೊದಲ ಅರ್ಥ ಕೊಳೆತದ್ದು, ಹೊಲಸು. ಮೊಬೈಲ್ ಕೊಟ್ಟ 'ಕೊಳಕು' ಅಲ್ಲಿಂದ ಬಂತು. ಹಡಗಿನವರು ಅದನ್ನು ಸಿಕ್ಕಾದದ್ದು, ಕಟ್ಟಿಕೊಂಡದ್ದು ಎಂಬ ಅರ್ಥಕ್ಕೆ ತಂದರು. ಅದಕ್ಕೆ ಎದುರಾದ ಶಬ್ದ 'ಕ್ಲಿಯರ್', ಬಿಡಿಸಿಕೊಂಡದ್ದು. ನಿಮ್ಮ ಕಾರವಾರದ ಅಂಗಡಿಯಲ್ಲಿ ಬೋಟಿನ ತಳಕ್ಕೆ ಬಳಿಯುವ ಆಂಟಿಫೌಲಿಂಗ್ ಪೇಂಟ್ ಸಿಗುತ್ತದಲ್ಲ, ಅದರೊಳಗಿನ 'ಫೌಲ್' ಕೂಡ ಇದೇ. ಅಲ್ಲಿ ತಳಕ್ಕೆ ಹತ್ತುವ ಚಿಪ್ಪು, ಪಾಚಿಯ ಮಾತು.

ಬಳಸುವ ರೀತಿ ನೋಡಿ. ಇದು ಒಂಟಿಯಾಗಿ ಬರುವುದು ಕಡಿಮೆ. 'ರನ್' ಅಥವಾ 'ಫಾಲ್' ಮೊದಲು ಬರುತ್ತದೆ, 'ಆಫ್' ಆಮೇಲೆ ಬರುತ್ತದೆ. ಅಮೆರಿಕದವರು 'ರನ್ ಅಫೌಲ್ ಆಫ್' ಅಂತ ಬರೆದರೆ ಬ್ರಿಟನ್ನಿನವರು 'ಅ' ಬಿಟ್ಟು 'ಫಾಲ್ ಫೌಲ್ ಆಫ್' ಅಂತಾರೆ. ಅರ್ಥ ಒಂದೇ. ಇವತ್ತಿನ ಇಂಗ್ಲಿಷಿನಲ್ಲಿ ಸಮುದ್ರದ ಅರ್ಥ ಅಪರೂಪ. ಪತ್ರಿಕೆಗಳಲ್ಲಿ ಜಾಸ್ತಿ ಬರುವುದು ಕಾನೂನು, ನಿಯಮ ಅಥವಾ ದೊಡ್ಡವರ ಜೊತೆ ತೊಡಕಿಗೆ ಸಿಗುವ ಅರ್ಥ. ನಿಮ್ಮ ಕಾಗದದಲ್ಲಿ ಎರಡೂ ಬಂದಿವೆ. ನಲವತ್ತು ವರ್ಷ ಪಾಠ ಮಾಡಿದವನಿಗೆ ಇಂಥ ಕಾಗದ ನೋಡಿದರೆ ಖುಷಿ ಆಗುತ್ತದೆ.

ದೇವಿಮನೆ ಘಟ್ಟದ ತಿರುವಿನಲ್ಲಿ ಬಸ್ಸಿಗೂ ಲಾರಿಗೂ ಮುಖಾಮುಖಿ ಡಿಕ್ಕಿಯಾದರೆ ಯಾರೂ ಅಫೌಲ್ ಅನ್ನುವುದಿಲ್ಲ. ಅದಕ್ಕೆ 'ಹೆಡ್ ಆನ್' ಇದೆ. ಡಿಕ್ಕಿ ಹೊಡೆದ ಮೇಲೆ ಎರಡೂ ಬೇರೆ ಬೇರೆ ನಿಲ್ಲುತ್ತವೆ. ಅಫೌಲ್ ಆದದ್ದು ಒಂದಕ್ಕೊಂದು ಹಿಡಿದುಕೊಂಡಿರುತ್ತದೆ, ಬಿಡಿಸಬೇಕಾಗುತ್ತದೆ.

ಅಂಕೋಲಾದಿಂದ, ಸರಕು ಹಡಗಿನಲ್ಲಿ ಕೆಲಸ

ಮೇಷ್ಟ್ರ ಮಾತಿಗೆ ಹಡಗಿನದೊಂದು ಸೇರಿಸುತ್ತೇನೆ. ಲಂಗರು ಎತ್ತುವಾಗ ಹಡಗಿನ ಮೂತಿಯಲ್ಲಿ ನಿಂತವನು ಲಂಗರು ನೀರಿನಿಂದ ಮೇಲೆ ಬರುವುದನ್ನೇ ನೋಡುತ್ತಿರುತ್ತಾನೆ. ಸರಪಳಿ ಸುತ್ತಿಕೊಳ್ಳದೆ, ಬೇರೇನೂ ಸಿಗದೆ ಬಂದರೆ ಮೇಲಿನವರಿಗೆ 'ಕ್ಲಿಯರ್' ಅಂತ ಹೇಳುತ್ತಾನೆ. ತನ್ನದೇ ಸರಪಳಿ ಸುತ್ತಿದ್ದರೆ, ಹಳೇ ಕೇಬಲ್ ಎತ್ತಿಕೊಂಡು ಬಂದಿದ್ದರೆ 'ಫೌಲ್'. ಬ್ರಿಟಿಷ್ ನೌಕಾಪಡೆಯನ್ನು ನಡೆಸುತ್ತಿದ್ದ ಅಡ್ಮಿರಾಲ್ಟಿಯ ಲಾಂಛನದಲ್ಲೇ ಹಗ್ಗ ಸುತ್ತಿದ ಲಂಗರು ಇತ್ತು. ಚಿತ್ರದಲ್ಲಿ ಚೆಂದ, ಕೆಲಸದಲ್ಲಿ ಅದು ಬಂದರೆ ಅರ್ಧ ದಿನ ಹೋಯಿತು ಅಂತಲೇ ಲೆಕ್ಕ.

ಎರಡನೇ ಸಾಲಿನ ಬಗ್ಗೆ ಗಂಭೀರವಾಗಿ ಹೇಳುವುದಿದೆ. ಅಮೆರಿಕದ ಸಮುದ್ರ ಕಾನೂನಿನಲ್ಲಿ ಎರಡು ಬೇರೆ ಶಬ್ದ ಇಟ್ಟಿದ್ದಾರೆ. ಚಲಿಸುವ ಎರಡು ಹಡಗು ತಾಗಿದರೆ 'ಕೊಲಿಷನ್'. ಒಂದು ಚಲಿಸುತ್ತಿದ್ದು, ನಿಂತ ಹಡಗಿಗೋ ಜೆಟ್ಟಿಗೋ ತಾಗಿದರೆ 'ಅಲಿಷನ್'. ನಿಂತಿರುವುದಕ್ಕೆ ತಾಗಿದರೆ ಸಾಮಾನ್ಯವಾಗಿ ಮೊದಲ ಅನುಮಾನ ಚಲಿಸುತ್ತಿದ್ದವನ ಮೇಲೆ ಬೀಳುತ್ತದೆ. ನಿಮ್ಮ ಸರ್ವೇಯರ್ ಈ ಎರಡೂ ಶಬ್ದ ಬಿಟ್ಟು 'ಅಫೌಲ್' ಬರೆದಿದ್ದಾರೆ. ಈ ಶಬ್ದದಲ್ಲಿ ಏನಾಯಿತು ಅಂತಿದೆ, ತಪ್ಪು ಯಾರದು ಅಂತಿಲ್ಲ.

ಕನ್ನಡದಲ್ಲಿ ನೀವು 'ಡಿಕ್ಕಿ ಹೊಡೆಯಿತು' ಅಂತ ಬರೆದರೆ ಹೊಡೆದವನು ಒಬ್ಬ ಹುಟ್ಟಿಕೊಂಡ. ರಿಪೋರ್ಟಿನಲ್ಲಿ ಅವನಿಲ್ಲ. ಮೊದಲ ಸಾಲಿಗೂ ಇದೇ ಮಾತು. 'ಬಲೆಯ ಮೇಲೆ ಬೋಟ್ ಹಾಯಿಸಿದರು' ಅಂದರೆ ತಾಂಡೇಲನ ತಲೆಗೆ ಬಂತು. 'ಬಲೆ ಫ್ಯಾನಿಗೆ ಸಿಕ್ಕಿತು' ಅಂದರೆ ಬರೀ ನಡೆದದ್ದು. ಕ್ಲೇಮಿನ ಕಾಗದದಲ್ಲಿ ಈ ವ್ಯತ್ಯಾಸ ಸಣ್ಣದಲ್ಲ.

ಆ ಬಲೆ ಹರಿದು ಹೋದದ್ದಾ, ಯಾರೋ ಹಾಕಿ ಕಾಯುತ್ತಿದ್ದದ್ದಾ ಅನ್ನುವುದೂ ಮುಖ್ಯ. ಸಮುದ್ರದಲ್ಲಿ ಡಿಕ್ಕಿ ತಪ್ಪಿಸುವ 1972ರ ಅಂತರರಾಷ್ಟ್ರೀಯ ನಿಯಮಗಳು 1977ರಿಂದ ಜಾರಿಯಲ್ಲಿವೆ. ಅದರ ಪ್ರಕಾರ ರಾತ್ರಿ ಟ್ರಾಲ್ ಎಳೆಯುವ ಬೋಟ್ ಬಿಳಿ ದೀಪದ ಮೇಲೆ ಹಸಿರು ದೀಪ ತೋರಿಸಬೇಕು. ಬೇರೆ ಬಲೆಯವರು ಬಿಳಿಯ ಮೇಲೆ ಕೆಂಪು. ಬಲೆ ಬೋಟಿನಿಂದ 150 ಮೀಟರ್‌ಗಿಂತ ದೂರ ಚಾಚಿದ್ದರೆ ಆ ದಿಕ್ಕಿಗೆ ಇನ್ನೊಂದು ಬಿಳಿ ದೀಪ. ಮೇಲಿಂದ ನಾವು ನೋಡುವಾಗ ದೀಪ ಸರಿ ಇದ್ದರೆ ಯಾವ ಕಡೆ ಬಲೆ ಇದೆ ಅಂತ ತಿಳಿಯುತ್ತದೆ, ತಿರುಗಿಸಿಕೊಂಡು ಹೋಗುತ್ತೇವೆ. ದೀಪವೇ ಇಲ್ಲದೆ ತೇಲುವ ಬಲೆಗೆ ಯಾರು ಏನು ಮಾಡಲಿಕ್ಕಾಗುತ್ತದೆ? ರಿಪೋರ್ಟಿನಲ್ಲಿ 'ತೇಲುತ್ತಿದ್ದ' ಅಂತಿದೆ ಅಂದಿರಿ. ಆ ಶಬ್ದ ಬಿಡಬೇಡಿ, ಅದು ನಿಮ್ಮ ಚಿಕ್ಕಪ್ಪನ ಪರವಾಗಿದೆ.

ಕಾರವಾರದಿಂದ, ಪ್ರಶ್ನೆ ಕೇಳಿದವರು

ಚಿಕ್ಕಪ್ಪನನ್ನು ಕೇಳಿದೆ. ನಮ್ಮ ಬೋಟಿನ ಮಗ್ಗುಲು ಆ ಬೋಟಿನ ಮೂತಿಗೆ ತಾಗಿದೆ. ಆಮೇಲೆ ಅವರ ಲಂಗರಿನ ಹಗ್ಗ ನಮ್ಮ ಚುಕ್ಕಾಣಿಯ ಕೆಳಗೆ ಸಿಕ್ಕಿ, ಎರಡೂ ಬೋಟ್ ಬೇರೆಯಾಗದೆ ಅಲೆ ಬಂದಾಗಲೆಲ್ಲ ಒಂದಕ್ಕೊಂದು ಬಡಿದಿವೆ. ಪೆಟ್ಟು ಜಾಸ್ತಿ ಆದದ್ದು ಹಾಗೆ. ಬಲೆಗೆ ಬೆಂಡೂ ಇರಲಿಲ್ಲ, ದೀಪವೂ ಇರಲಿಲ್ಲ ಅಂದರು. ಈಗ ಮೂರನೇ ಸಾಲಿನ ಚಿಂತೆ. ಅದು ಓದಿದರೆ ಕ್ಲೇಮು ಕೊಡುವುದಿಲ್ಲ ಅಂದ ಹಾಗೇ ಕಾಣುತ್ತದೆ.

ಕುಮಟಾದಿಂದ, ವಕೀಲರು

ಇಲ್ಲ, ಹಾಗೆ ಹೇಳಿಲ್ಲ. 'ಮೇ' ಅಂತ ಇದೆ ನೋಡಿ. 'ಷರತ್ತನ್ನು ಉಲ್ಲಂಘಿಸಲಾಗಿದೆ' ಅಂತ ನೀವು ಬರೆದರೆ ಕಂಪನಿ ಹೇಳದೇ ಇದ್ದದ್ದನ್ನು ನೀವೇ ಹೇಳಿದ ಹಾಗೆ. 'ಷರತ್ತಿಗೆ ವಿರುದ್ಧವಾಗಬಹುದು' ಅಥವಾ 'ಷರತ್ತಿನ ತೊಡಕಿಗೆ ಸಿಗಬಹುದು' ಅಂತ ಬರೆಯಿರಿ. ಇನ್ನೂ ತೀರ್ಮಾನ ಆಗಿಲ್ಲ, ನಿಮ್ಮ ಉತ್ತರಕ್ಕೆ ಜಾಗ ಇದೆ.

ನಿಯಮದ ಜೊತೆ ಈ ಶಬ್ದ ಬಂದಾಗ ಬೇಕೆಂದೇ ಮುರಿದರು ಅಂತ ಅರ್ಥ ಬರಲೇಬೇಕಿಲ್ಲ. ಗೊತ್ತಿಲ್ಲದೆಯೂ ಸಿಕ್ಕಿಬೀಳಬಹುದು. ನಮ್ಮ ಕರಾವಳಿಯದೇ ಉದಾಹರಣೆ ಕೊಡುತ್ತೇನೆ. ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಾಂತ್ರಿಕ ಬೋಟುಗಳ ಮೀನುಗಾರಿಕೆಗೆ ನಿಷೇಧ ಇದೆ. 1986ರ ಕರ್ನಾಟಕ ಕಡಲ ಮೀನುಗಾರಿಕೆ ನಿಯಂತ್ರಣ ಕಾಯ್ದೆ ಇದಕ್ಕೆ ಆಧಾರ. ಗೊತ್ತಿದ್ದೂ ಜುಲೈಯಲ್ಲಿ ಬೋಟ್ ಇಳಿಸಿದವನೂ, ಆದೇಶದ ಒಂದು ಸಾಲು ಸರಿಯಾಗಿ ತಿಳಿಯದೆ ಇಳಿಸಿದವನೂ ಇಂಗ್ಲಿಷಿನಲ್ಲಿ 'ರ‍್ಯಾನ್ ಅಫೌಲ್ ಆಫ್ ದಿ ಲಾ'. ಇಬ್ಬರನ್ನೂ ಬೇರೆ ಮಾಡುವುದು ವಿಚಾರಣೆ.

ಕಾನೂನಿನ ಬದಲು ಒಬ್ಬ ವ್ಯಕ್ತಿಯ ಹೆಸರು ಬಂದರೆ ಕನ್ನಡ ಬೇರೆ ಆಗುತ್ತದೆ. ಆಗ 'ಅವರ ಕೆಂಗಣ್ಣಿಗೆ ಗುರಿಯಾದ', 'ಅವರನ್ನು ಎದುರು ಹಾಕಿಕೊಂಡ' ಅಂತ. ನಿಮಗೆ ಇಲ್ಲಿ ಅದು ಬೇಡ, ಮುಂದೆಂದಾದರೂ ಬೇಕಾದೀತು.

ಉತ್ತರಕ್ಕೆ ಮೊದಲು ಪಾಲಿಸಿಯ ಆ ಷರತ್ತನ್ನು ಪೂರ್ತಿ ಓದಿ. ಎಷ್ಟು ಜನ ಇರಬಹುದು ಅಂತಿದೆ, ಅವತ್ತು ಎಷ್ಟು ಜನ ಇದ್ದರು, ಅವರ ಗುರುತಿನ ಚೀಟಿ ಇದೆಯಾ ನೋಡಿ. ಜನರ ಲೆಕ್ಕಕ್ಕೂ ಬಲೆ ಸುತ್ತಿದ್ದಕ್ಕೂ ಏನು ಸಂಬಂಧ ಅಂತಲೂ ಕೇಳಿ. ಉತ್ತರವನ್ನು ಬರಹದಲ್ಲೇ ಕೊಡಿ, ಫೋನಿನಲ್ಲಿ ಬೇಡ.

ಹೊನ್ನಾವರದಿಂದ

ನಮ್ಮ ಮನೆಯ ಬೋಟಿಗೂ ಹೀಗೇ ಆಗಿತ್ತು. ಸರ್ವೇಯರ್ ಬರುವ ಮೊದಲೇ ಶಾಫ್ಟಿನಿಂದ ಕೊಯ್ದ ಬಲೆಯ ತುಂಡನ್ನು ನಮ್ಮಣ್ಣ ಚೀಲದಲ್ಲಿ ತೆಗೆದಿಟ್ಟಿದ್ದ. ಕರಗಿ ಗಟ್ಟಿಯಾದ ಆ ಉಂಡೆಯನ್ನು ಮೇಜಿನ ಮೇಲೆ ಇಟ್ಟಾಗ ಬೇರೆ ಪ್ರಶ್ನೆ ಬರಲಿಲ್ಲ. ನಿಮ್ಮಲ್ಲಿ ಇದ್ದರೆ ಎಸೆಯಬೇಡಿ. ಫೋಟೋ ತೆಗೆದು, ತಾರೀಕು ಬರೆದಿಡಿ.

ಕಾರವಾರದಿಂದ, ಪ್ರಶ್ನೆ ಕೇಳಿದವರು

ತುಂಡು ಇದೆ, ಬೋಟಿನಲ್ಲೇ ಇದೆಯಂತೆ. ಎಲ್ಲರಿಗೂ ಮನಸಾರೆ ಧನ್ಯವಾದ. ಈಗ ಹೀಗೆ ಬರೆದಿದ್ದೇನೆ, ನೋಡಿ:

"ತೇಲುತ್ತಿದ್ದ ಬಲೆಯೊಂದು ಬೋಟಿನ ಫ್ಯಾನಿಗೆ ಸಿಕ್ಕಿಕೊಂಡಿತು. ಬೋಟ್ ಹಿಡಿತ ತಪ್ಪಿ ತೇಲಿಕೊಂಡು ಹೋಗಿ, ಲಂಗರು ಹಾಕಿ ನಿಂತಿದ್ದ ಇನ್ನೊಂದು ಬೋಟಿಗೆ ಡಿಕ್ಕಿಯಾಗಿ ಸಿಕ್ಕಿಕೊಂಡಿತು. ಬೋಟಿನಲ್ಲಿದ್ದ ಜನರ ಸಂಖ್ಯೆಯಿಂದಾಗಿ ಈ ಕ್ಲೇಮು ಪಾಲಿಸಿಯ ಷರತ್ತಿಗೆ ವಿರುದ್ಧವಾಗಬಹುದು."

ಶಿರಸಿಯಿಂದ, ನಿವೃತ್ತ ಇಂಗ್ಲಿಷ್ ಮೇಷ್ಟ್ರು

ಚೆನ್ನಾಗಿದೆ ಮಗೂ. ಎರಡನೇ ವಾಕ್ಯದಲ್ಲಿ 'ಡಿಕ್ಕಿಯಾಗಿ' ತೆಗೆದು 'ತಾಗಿ' ಅಂತ ಹಾಕು. ಚಿಕ್ಕಪ್ಪ ಹೇಳಿದ ಹಗ್ಗದ ವಿಷಯವನ್ನು ಅನುವಾದದೊಳಗೆ ಸೇರಿಸಬೇಡ, ಅದು ಅವರ ಉತ್ತರದಲ್ಲಿ ಬರಲಿ.

ಬೈತಖೋಲದಿಂದ, ತಾಂಡೇಲ

ಉತ್ತರದಲ್ಲಿ ಆ ಹಗ್ಗದ ವಿಷಯ ಖಂಡಿತ ಬರೆಯಿರಿ. ಒಂದು ಸಲ ತಾಗಿದರೆ ಬಣ್ಣ ಹೋಗುತ್ತದೆ, ಹಲಗೆ ಒಡೆಯುವುದು ಸಿಕ್ಕಿಕೊಂಡು ಬಡಿದಾಗ. ಅವತ್ತಿನ ಗಾಳಿ ಯಾವ ಕಡೆಯಿಂದ ಇತ್ತು, ಇಂಜಿನ್ ಎಷ್ಟು ಹೊತ್ತಿಗೆ ನಿಂತಿತು, ವೈರ್‌ಲೆಸ್‌ನಲ್ಲಿ ಯಾರನ್ನು ಕರೆದರು, ಅದೂ ಬರಲಿ. ಕೇಳಿಸಿಕೊಂಡ ಬೋಟಿನವರು ಸಾಕ್ಷಿ ಹೇಳುತ್ತಾರೆ, ಬಂದರಿನಲ್ಲಿ ಕೇಳಿ ನೋಡಲು ಹೇಳು ಚಿಕ್ಕಪ್ಪನಿಗೆ.