ಅಮ್ಮನ ಹಳೆ ಸರ್ವಿಸ್ ಲೆಕ್ಕಕ್ಕೆ ಬರುತ್ತಾ? ಕೇಸ್ ಹಾಕಿದವರು ಅನುಭವ ಹೇಳಿ

ದಾವಣಗೆರೆ ಹುಡುಗ: ಅಮ್ಮ ಪೌರಕಾರ್ಮಿಕರು. 16 ವರ್ಷ ಗುತ್ತಿಗೆಯಲ್ಲಿ ಬೀದಿ ಗುಡಿಸಿದರು. ಈಗ ಕಾಯಂ ಆಗಿದೆ. ಆದರೆ ಬೇಸಿಕ್ 27,000, ಶ್ರೇಣಿಯ ಮೊದಲ ಮೆಟ್ಟಿಲು. ಅದೇ ವಾರ್ಡಿನಲ್ಲಿ ಮೊದಲಿಂದ ಕಾಯಂ ಇರುವ ಜೊತೆಗಾರ್ತಿಗೆ ಇನ್‌ಕ್ರಿಮೆಂಟ್ ಸೇರಿ ತುಂಬಾ ಜಾಸ್ತಿ. ಅವರಿಗೆ ಹಳೆ ಪಿಂಚಣಿ, ಅಮ್ಮನಿಗೆ ಎನ್‌ಪಿಎಸ್, ಅಂದರೆ ಸಂಬಳದಿಂದಲೂ ಹಣ ಕಟ್ ಆಗುವ ಹೊಸ ಪಿಂಚಣಿ. 60 ತುಂಬೋಕೆ ಇನ್ನು ಆರೇ ವರ್ಷ. ಹಳೆ ವರ್ಷ ಸೇರಿಸಿ ಅಂತ ಕೇಸ್ ಹಾಕಬಹುದಾ? ಖರ್ಚೆಷ್ಟು?

ಪಂಪ್‌ಹೌಸ್ ಅಣ್ಣ: ಹಾಕು ತಮ್ಮಾ, ಜೇಬು ನೋಡಿಕೊಂಡು ಹಾಕು. ಹಾವೇರಿಯವರಿಗೆ ಹೈಕೋರ್ಟಿನ ಧಾರವಾಡ ಪೀಠ ಇದೆ. ಹರಿಹರದಿಂದ ಈಚೆಗಿರುವ ನಮಗೆ ಬೆಂಗಳೂರೇ ಗತಿ. ವಕೀಲರಿಗೆ ಮೊದಲ ಕಂತು 25,000. ಟೈಪಿಂಗು, ಜೆರಾಕ್ಸು, ಬೈಂಡಿಂಗು ಅಂತ 4,300. ಮೆಜೆಸ್ಟಿಕ್‌ನಲ್ಲಿ ಲಾಡ್ಜ್ 900, ಬಿಸಿನೀರಿನ ಬಕೆಟ್‌ಗೆ ಬೇರೆ 20. ಬೆಳಗ್ಗೆಯಿಂದ ಕೂತರೂ ಕೇಸ್ ಕರೆಯಲೇ ಇಲ್ಲ. ಎರಡನೇ ಕಂತಿಗೆ ಹೆಂಡತಿಯ ಬಳೆ ಅಡ ಇಟ್ಟೆ. ಬಡ್ಡಿ ಇನ್ನೂ ಕಟ್ತಿದ್ದೀನಿ.

ನಮ್ಮ ಕಡೆ ಎಲ್ಲಿ ಹಿಡಿದರು ಗೊತ್ತಾ? ಮಾರ್ಚ್ ಕೊನೆಗೆ ಟೆಂಡರ್ ಮುಗಿಯೋದು. ಹೊಸ ಗುತ್ತಿಗೆದಾರ ಬರೋವರೆಗೆ ಹಾಜರಿ ಪುಸ್ತಕದಲ್ಲಿ ನಮ್ಮ ಸಾಲು ಖಾಲಿ. ನೀರು ಮಾತ್ರ ನಾವೇ ಬಿಡ್ತಿದ್ವಿ! ಆ ಖಾಲಿ ಸಾಲು ತೋರಿಸಿ ‘ಸೇವೆ ಸತತವಾಗಿಲ್ಲ’ ಅಂದರು. ತೀರ್ಪು ಇನ್ನೂ ಬಂದಿಲ್ಲ.

ಚಳ್ಳಕೆರೆ ಅಕ್ಕ: ಕೇಸ್ ಆಮೇಲೆ, ಪಿಎಫ್ ಮೊದಲು. ನಾನು ಹಾಸ್ಟೆಲ್ ಅಡುಗೆಯವಳು. ಗುತ್ತಿಗೆದಾರ ಬದಲಾದಾಗಲೆಲ್ಲ ಹೊಸ ಯುಎಎನ್, ಅಂದರೆ ಪಿಎಫ್ ನಂಬರು. ಒಬ್ಬ ನನ್ನ ಹೆಸರಿನ ಕೊನೆಯ ‘ಮ್ಮ’ ನುಂಗಿದ, ಇನ್ನೊಬ್ಬ ಹುಟ್ಟಿದ ವರ್ಷವನ್ನೇ ಬದಲಾಯಿಸಿದ. ಮತ್ತೊಬ್ಬ ಸಂಬಳದಲ್ಲಿ 12 ಪರ್ಸೆಂಟ್ ಹಿಡಿದ, ಕಟ್ಟಲೇ ಇಲ್ಲ. ಪಿಎಫ್ ಜೊತೆ ಬರುವ ಇಪಿಎಸ್ ಪಿಂಚಣಿಗೆ 10 ವರ್ಷದ ಸರ್ವಿಸ್ ಬೇಕು. ಕಂಪ್ಯೂಟರಿನಲ್ಲಿ ನನಗೆ ಅಷ್ಟು ತೋರಿಸಲಿಲ್ಲ. ಸೈಬರ್ ಸೆಂಟರ್‌ನವನಿಗೆ ತಿದ್ದುಪಡಿಗೆ 300, ಅದು ವಾಪಸ್ ಬಂದಾಗ ಮತ್ತೆ 300. ಎಲ್ಲ ಒಂದೇ ನಂಬರಿಗೆ ಸೇರಿಸಿದ ಮೇಲೇ ಉಸಿರು ಬಿಟ್ಟೆ. ಯಾವ ಯೂನಿಯನ್ನಿನವರೂ ಬರಲಿಲ್ಲ, ಚಂದಾ ಮಾತ್ರ ಸರಿಯಾಗಿ ತಗೊಂಡರು.

ಪರೀಕ್ಷೆ ಬರೆದವನು: ಬೇಜಾರಾದರೂ ಹೇಳ್ತೀನಿ. ಧಾರವಾಡದಲ್ಲಿ ರೂಮ್ ಮಾಡಿ, ಅವಲಕ್ಕಿ ತಿಂದುಕೊಂಡು ಓದಿ ಎಸ್‌ಡಿಎ (ದ್ವಿತೀಯ ದರ್ಜೆ ಸಹಾಯಕ) ಆದವನು ನಾನು. ನನಗೂ ಎನ್‌ಪಿಎಸ್ಸೇ, ನಂದೂ 10 ಪರ್ಸೆಂಟ್ ಕಟ್. ಹಿಂಬಾಗಿಲಲ್ಲಿ ಬಂದವರಿಗೆ ನನ್ನ ಮೇಲೆ ಸೀನಿಯಾರಿಟಿ ಕೊಟ್ಟರೆ ಅದು ಸಮಾನತೆನಾ? 2006ರ ಉಮಾದೇವಿ ತೀರ್ಪು ಓದಿ, ನೇಮಕಾತಿ ನಿಯಮ ಬಿಟ್ಟು ಬಂದವರಿಗೆ ಕಾಯಂ ಹಕ್ಕಿಲ್ಲ ಅಂತ ಸುಪ್ರೀಂ ಕೋರ್ಟೇ ಹೇಳಿದೆ.

ಚಳ್ಳಕೆರೆ ಅಕ್ಕ: ನೂರೈವತ್ತು ಮಕ್ಕಳಿಗೆ ಮುದ್ದೆ ತೊಳಸೋಕೆ ಯಾವ ಪರೀಕ್ಷೆ ಸ್ವಾಮಿ? ಬನ್ನಿ, ನಮ್ಮ ಹಾಸ್ಟೆಲ್ಲಿಗೇ ಬಂದು ಬರೀರಿ.

ಹಿರಿಯೂರು ನಿವೃತ್ತ: ಉಮಾದೇವಿ ಪೂರ್ತಿ ಓದಿ ತಮ್ಮಾ, ಅದು ನಮ್ಮ ರಾಜ್ಯದ್ದೇ ಕೇಸು. ಮಂಜೂರಾದ ಹುದ್ದೆಯಲ್ಲಿ 10 ವರ್ಷ ದುಡಿದವರನ್ನು ಒಂದು ಸಲಕ್ಕೆ ಪರಿಗಣಿಸಿ ಅಂತಲೂ ಅದರಲ್ಲೇ ಇದೆ. 2024ರ ಡಿಸೆಂಬರಲ್ಲಿ ಜಗ್ಗೋ ಕೇಸಿನಲ್ಲಿ ಸುಪ್ರೀಂ ಕೋರ್ಟು, ದೀರ್ಘಕಾಲ ದುಡಿದವರನ್ನು ಹೊರಗಿಡೋಕೆ ಉಮಾದೇವಿಯನ್ನು ಬಳಸಬೇಡಿ ಅಂತ ಬೈದಿದೆ.

ನಾನು ರಸ್ತೆ ಗ್ಯಾಂಗಿನ ದಿನಗೂಲಿ. 2012ರ ದಿನಗೂಲಿ ನೌಕರರ ಕಾಯ್ದೆಯಲ್ಲಿ ಹೆಸರು ಬಂತು. 60ರವರೆಗೆ ಕೆಲಸ ಗಟ್ಟಿ ಆಯ್ತು. ಆದರೆ ಸರ್ಕಾರಿ ನೌಕರ ಅನ್ನಿಸಿಕೊಳ್ಳಲಿಲ್ಲ. ಡಾಂಬರು ಬಿದ್ದು ಪಾದ ಸುಟ್ಟಾಗ ಮೆಡಿಕಲ್ ಬಿಲ್ಲೇ ಪಾಸ್ ಮಾಡಲಿಲ್ಲ. 11,640 ರೂಪಾಯಿ. ಆ ಬಿಲ್ ಇವತ್ತಿಗೂ ಟ್ರಂಕಿನಲ್ಲಿದೆ.

ದಾವಣಗೆರೆ ಹುಡುಗ: ದೊಡ್ಡಪ್ಪ, ಅಮ್ಮನ ಪಿಂಚಣಿಗೆ ಹಳೆ ವರ್ಷ ಸೇರುತ್ತಾ, ಅದೊಂದು ಹೇಳಿ.

ಹಿರಿಯೂರು ನಿವೃತ್ತ: ಉತ್ತರ ಪ್ರದೇಶದ ಪ್ರೇಮ್ ಸಿಂಗ್ ಕೇಸಲ್ಲಿ 2019ರಲ್ಲಿ ಸೇರಿಸಿದ್ದಾರೆ. ಅದು ವರ್ಕ್‌ಚಾರ್ಜ್ ನೌಕರರದ್ದು, ಅಂದರೆ ಕಾಮಗಾರಿಯ ಲೆಕ್ಕದಲ್ಲಿ ಸಂಬಳ ಪಡೆಯುವವರದ್ದು; ಸಂಬಳ ಕೊಟ್ಟಿದ್ದು ಸರ್ಕಾರವೇ. ನಿಮ್ಮಮ್ಮನಿಗೆ ಗುತ್ತಿಗೆದಾರ ಕೊಟ್ಟಿದ್ದರೆ ‘ಅವರು ನಮ್ಮ ನೌಕರರೇ ಅಲ್ಲ’ ಅಂತಾರೆ. ಗುತ್ತಿಗೆದಾರ ಇಲ್ಲದೆ ನೇರ ಪಾವತಿ ಆದಾಗಿನಿಂದ ಪಾಸ್‌ಬುಕ್ ತೆಗೆದಿಡಿ.

ಪಂಪ್‌ಹೌಸ್ ಅಣ್ಣ: ಸುಪ್ರೀಂ ಕೋರ್ಟಿನ 2016ರ ಜಗಜೀತ್ ಸಿಂಗ್ ತೀರ್ಪು ಬಿಟ್ಟಿರಲ್ಲ! ಸಮಾನ ಕೆಲಸಕ್ಕೆ ಸಮಾನ ವೇತನ. ನಮ್ಮ ವಕೀಲರು ಅದನ್ನೇ ಹಿಡಿದಿರೋದು.

ಪರೀಕ್ಷೆ ಬರೆದವನು: ಅದರಲ್ಲಿ ಸಿಗೋದು ಶ್ರೇಣಿಯ ಕನಿಷ್ಠ ಸಂಬಳ, ಅದೂ ತಾತ್ಕಾಲಿಕವಾಗಿ ದುಡಿದ ದಿನಗಳಿಗೆ. ಇನ್‌ಕ್ರಿಮೆಂಟ್ ಅಲ್ಲ. ನಿಮ್ಮ ವಕೀಲರಿಗೆ ಹೇಳಿ.

ಪಂಪ್‌ಹೌಸ್ ಅಣ್ಣ: ನೀವೇ ಹೇಳಿ ಬನ್ನಿ. ಲಾಡ್ಜ್ ಖರ್ಚು ನಂದು.

ಹಳೇಪೇಟೆ ಯೂನಿಯನ್: ಚಳ್ಳಕೆರೆ ಅಕ್ಕ, ಯೂನಿಯನ್ ಬರಲಿಲ್ಲ ಅಂತ ಬಾಯಿಗೆ ಬಂದ ಹಾಗೆ ಬರೀಬೇಡಿ. 2022ರ ಜುಲೈನಲ್ಲಿ ಪೌರಕಾರ್ಮಿಕರು ಮುಷ್ಕರ ಮಾಡಿದ್ದಕ್ಕೇ ಈ ಹುಡುಗನ ಅಮ್ಮ ಕಾಯಂ ಆಗಿದ್ದು.

ಚಳ್ಳಕೆರೆ ಅಕ್ಕ: ಅದು ಪೌರಕಾರ್ಮಿಕರ ಹೋರಾಟ, ಅವರಿಗೆ ಕೈ ಮುಗೀತೀನಿ. ಅಡುಗೆಯವರ ಚಂದಾ ಎಲ್ಲಿ ಹೋಯ್ತು ಅಂತ ನಾನು ಕೇಳ್ತಿರೋದು. ರಸೀದಿ ಪುಸ್ತಕ ಇದೆಯಾ?

ಹಳೇಪೇಟೆ ಯೂನಿಯನ್: ಆಫೀಸಿಗೆ ಬಂದು ನೋಡಿ.

ಚಳ್ಳಕೆರೆ ಅಕ್ಕ: ಬಂದಿದ್ದೆ. ಬೀಗ ಹಾಕಿತ್ತು.